ಕಾಲು ಮುಂದಾಗಿ ಹುಟ್ಟಿದವಳ ಬೆನ್ನು

ಬೆನ್ನುಮೂಳೆಯ ಟಿಬಿ ಆದವರು ಯಾರಾದರೂ ಇದನ್ನು ಓದುತ್ತಿದ್ದರೆ ಮೊದಲೇ ಒಂದು ಮಾತು ಹೇಳಿಬಿಡುತ್ತೇನೆ. ಕಾಯಿಲೆ ಮನುಷ್ಯರನ್ನು ಮೃದು ಮಾಡುತ್ತದೆ, ಕ್ಷಮಿಸುವುದನ್ನು ಕಲಿಸುತ್ತದೆ ಎಂದು ನನ್ನನ್ನು ನೋಡಲು ಬಂದವರೆಲ್ಲ ಹೇಳಿಹೋದರು. ನನಗಂತೂ ಅದೇನೂ ಕಲಿಸಲಿಲ್ಲ. ಹದಿನೆಂಟು ತಿಂಗಳು ನಾನು ಒಂದು ದಿನವೂ ತಪ್ಪದೆ ಮಾತ್ರೆ ನುಂಗಿದ್ದು ಒಬ್ಬ ಮನುಷ್ಯನ ಮೇಲಿನ ಸಿಟ್ಟಿನಿಂದ. ಅವರ ಹೆಸರು ಇಲ್ಲಿ ಹಾಕುವುದಿಲ್ಲ. ನಮ್ಮ ಕಡೆ ಬ್ಯಾಸ್ಕೆಟ್‌ಬಾಲ್ ಆಡಿದ ಹುಡುಗಿಯರು ಓದಿದರೆ ಯಾರೆಂದು ತಿಳಿಯುತ್ತದೆ, ನನಗೆ ಅಷ್ಟು ಸಾಕು.

ನನ್ನ ಹೆಸರು ರೂಪಾ, ಊರು ಸವಳಂಗ. ಅಪ್ಪ ನ್ಯಾಮತಿ ಮೇಲೆ ಹೊನ್ನಾಳಿಗೆ ಹೋಗುವ ಖಾಸಗಿ ಬಸ್ಸಿನಲ್ಲಿ ಕಂಡಕ್ಟರ್. ಅವ್ವನ ಹೊಟ್ಟೆಯಿಂದ ನಾನು ಕಾಲು ಮುಂದಾಗಿ ಬಂದೆನಂತೆ. ಹಾಗೆ ಹುಟ್ಟಿದವರ ಕಾಲು ತಾಗಿದರೆ ಹಿಡಿದುಕೊಂಡ ಬೆನ್ನು ಬಿಡುತ್ತದೆ ಎಂಬುದು ನಮ್ಮ ಕಡೆಯ ನಂಬಿಕೆ. ಒದೆಸಿಕೊಳ್ಳುವುದು ಎನ್ನುತ್ತಾರೆ, ಆದರೆ ಅದು ಒದೆ ಅಲ್ಲ. ಬೆನ್ನು ಹಿಡಿದವರು ಬೋರಲು ಮಲಗುತ್ತಾರೆ, ಎಡಗಾಲಿನ ಪಾದವನ್ನು ಮೂರು ಸಲ ಮೆಲ್ಲಗೆ ಮುಟ್ಟಿಸಬೇಕು, ಅಷ್ಟೇ. ನಾಲ್ಕು ವರ್ಷದವಳಿದ್ದಾಗಿನಿಂದ ಊರ ದೊಡ್ಡವರ ಬೆನ್ನಿನ ಮೇಲೆ ಕಾಲಿಟ್ಟವಳು ನಾನು. ಬೈದವರ ಬೆನ್ನನ್ನೂ ಮುಟ್ಟಿದ್ದೇನೆ. ಶಾಲೆಯ ಹೆಡ್‌ಮಾಸ್ತರು ಒಮ್ಮೆ ಸೈಕಲ್ಲಿನಲ್ಲಿ ಸೊಟ್ಟಗೆ ಬಂದು, "ಬಾರಮ್ಮ ಡಾಕ್ಟ್ರೇ" ಎಂದು ನಮ್ಮ ಪಡಸಾಲೆಯಲ್ಲೇ ಮಲಗಿಬಿಟ್ಟಿದ್ದರು.

ಆ ಕಾಲಿನ ಓಟ ನಂಬಿಯೇ ನಾನು ಊರು ಬಿಟ್ಟೆ. ಎಂಟನೇ ತರಗತಿಗೆ ದಾವಣಗೆರೆಯ ಕ್ರೀಡಾ ಹಾಸ್ಟೆಲ್ ಸೇರಿದೆ. ಅಲ್ಲಿದ್ದರು ಕೋಚ್ ಸರ್. ಎತ್ತರ ಕಡಿಮೆ, ಓಟ ಜಾಸ್ತಿ ಎಂದು ನೋಡಿ ನನ್ನನ್ನು ಗಾರ್ಡ್ ಮಾಡಿದವರು ಅವರೇ. ಗಾರ್ಡ್ ಎಂದರೆ ಚೆಂಡನ್ನು ಆಚೆ ಕಡೆಗೆ ತಂದು, ಯಾರಿಗೆ ಯಾವಾಗ ಕೊಡಬೇಕೆಂದು ನೋಡಿ ಆಟ ಕಟ್ಟುವವಳು. ಈ ಒಂದು ಉಪಕಾರವನ್ನು ನಾನು ಇಲ್ಲ ಎನ್ನುವುದಿಲ್ಲ. ಹತ್ತು ವರ್ಷ ಅವರು ಕೂತ ಕಡೆ ಕೂತು, ನಿಂತ ಕಡೆ ನಿಂತು ಆ ಉಪಕಾರ ತೀರಿಸಿಯೂ ಆಗಿತ್ತು. ಆಮೇಲೆ ನನ್ನ ಆಟದ ವಿಡಿಯೋ ನೋಡಿದ ಒಬ್ಬ ಏಜೆಂಟ್ ಪೋರ್ಚುಗಲ್ಲಿನ ಒಂದು ಸಣ್ಣ ಊರಿನ ಕ್ಲಬ್ಬಿಗೆ ಒಂದು ವರ್ಷದ ಒಪ್ಪಂದ ಮಾಡಿಸಿದ. ಹೊರಟ ದಿನ ಅಪ್ಪ ತನ್ನ ಬಸ್ಸಿನಲ್ಲೇ ನನಗೂ ಟಿಕೆಟ್ ಹರಿದು ಕೊಟ್ಟು, "ಫಾರಿನ್‌ಗೆ ಹೋಗೋರು ಟಿಕೆಟ್ ಇಲ್ದಂಗೆ ಹೋಗಬಾರ್ದು" ಎಂದು ನಕ್ಕ.

ಆ ಕ್ಲಬ್ಬಿನಲ್ಲಿ ನನ್ನ ಜೊತೆ ಒಂದೇ ಮನೆಯಲ್ಲಿದ್ದವಳು ಕೀಶಾ. ಅಮೆರಿಕದವಳು, ಅವಳೂ ಗಾರ್ಡ್. ಒಂಬತ್ತು ವರ್ಷದಿಂದ ಯೂರೋಪಿನಲ್ಲಿ ಆಡಿಯೇ ಬದುಕುತ್ತಿದ್ದಳು. ರೊಮೇನಿಯಾ, ಹಂಗೇರಿ, ಪೋಲೆಂಡ್, ಮತ್ತೆ ಹಂಗೇರಿ, ಈಗ ಪೋರ್ಚುಗಲ್. ವರ್ಷಕ್ಕೊಂದು ಊರು, ಎರಡು ಸೂಟ್‌ಕೇಸು, ಗೆದ್ದರೆ ಹೂವು, ಗಾಯವಾದರೆ ವಾಪಸ್ ವಿಮಾನ. ಒಮ್ಮೆ ಅವಳು ಮೊಣಕಾಲಿನ ಆಪರೇಷನ್ ಮುಗಿಸಿ ಬರುವಷ್ಟರಲ್ಲಿ ಆಗಿನ ಕ್ಲಬ್ಬಿನವರು ಮನೆಯ ಬೀಗವನ್ನೇ ಬದಲಿಸಿದ್ದರಂತೆ. ಸೂಟ್‌ಕೇಸುಗಳು ಮೆಟ್ಟಿಲ ಮೇಲಿದ್ದವಂತೆ. ಮರುವರ್ಷ ಬೇರೆ ತಂಡ ಸೇರಿ ಅದೇ ಕ್ಲಬ್ಬಿನ ಎದುರು ಮೂವತ್ತೊಂದು ಪಾಯಿಂಟ್ ಹೊಡೆದು, ಪ್ರತಿ ಸಲವೂ ಅವರ ಬೆಂಚಿನ ಕಡೆ ತಿರುಗಿ ನಕ್ಕಳಂತೆ. "ನನಗೆ ಅನ್ಯಾಯ ಮಾಡಿದವರ ಹೆಸರು ಬಾಯಿಪಾಠ ಇವೆ. ಬೆಳಿಗ್ಗೆ ಓಡುವಾಗ ಹೇಳಿಕೊಳ್ಳುತ್ತೇನೆ, ದಣಿವಾಗುವುದಿಲ್ಲ," ಎನ್ನುತ್ತಿದ್ದಳು. ಆಗ ನಾನು ನಕ್ಕಿದ್ದೆ.

ಬೆನ್ನು ನೋವು ಶುರುವಾದದ್ದು ಆ ವರ್ಷದ ಕೊನೆಯ ಪಂದ್ಯಗಳ ಹೊತ್ತಿಗೆ. ಸಂಜೆ ಸಣ್ಣಗೆ ಜ್ವರ, ಮೈತೂಕ ಇಳಿಯುತ್ತ ಬಂತು. ದಣಿವು ಎಂದುಕೊಂಡೆ. ಆಗಸ್ಟಿನಲ್ಲಿ ಆರೋಗ್ಯವಾಗಿ ಬಂದರೆ ಮತ್ತೊಂದು ವರ್ಷ ಎಂದು ಕ್ಲಬ್ಬಿನವರು ಹೇಳಿ ಕಳಿಸಿದರು. ಊರಿಗೆ ಬಂದು ಇಳಿದವಳು ಅವ್ವನ ಕಾಲಿಗೆ ಬಗ್ಗಿ, ಏಳಲಾರದೆ ಅಲ್ಲೇ ಕೂತೆ. ಅವ್ವ, "ಊರಿಗೆಲ್ಲ ಒದಿಯೋಳು ನೀನು. ನಿನಗೆ ಒದಿಯಾಕೆ ಯಾರನ್ನ ಹುಡುಕಾನ ಈಗ?" ಎಂದಳು. ಇಬ್ಬರೂ ನಕ್ಕೆವು.

ಎರಡನೇ ವಾರಕ್ಕೆ ಕೋಚ್ ಸರ್ ಫೋನ್ ಬಂತು. ಚನ್ನಗಿರಿಯಲ್ಲಿ ಟೂರ್ನಮೆಂಟು, ಅವರ ತಂಡಕ್ಕೆ ಆಡಬೇಕು. ಬೆನ್ನು ಸರಿಯಿಲ್ಲ ಸರ್ ಎಂದೆ. ಬಂದು ಮುಖ ತೋರಿಸು ಸಾಕು ಎಂದರು. ಹೋದೆ. ಹೋಗಬಾರದಿತ್ತು, ಹೋದೆ. ಮೈದಾನದಲ್ಲಿ ಹನ್ನೆರಡು ಹುಡುಗಿಯರು ಬೂಟು ಕಟ್ಟುತ್ತಿದ್ದರು. ನನ್ನ ಕೈಗೆ ಜೆರ್ಸಿ ಕೊಟ್ಟರು.

"ಆಡಾಕಾಗಲ್ಲ ಸರ್. ಬಗ್ಗಾಕೂ ಆಗವಲ್ದು," ಎಂದೆ.

"ಯೂರೋಪ್ ನೀರು ಕುಡಿದು ಬಂದೋರಿಗೆ ನಮ್ಮ ಮಣ್ಣು ಚುಚ್ಚುತೈತೆ ಅಲ್ಲೇನು?" ಎಂದು ಸರ್ ಹುಡುಗಿಯರ ಕಡೆ ತಿರುಗಿದರು. "ನೋಡ್ರೇ, ಊರಿಗೆಲ್ಲ ಒದ್ದು ವಾಸಿ ಮಾಡೋ ಮಹಾತಾಯಿ ಇವಳು. ಇವಳಿಗೇ ಒದಿಯೋರು ಸಿಕ್ಕಿಲ್ಲಂತೆ. ತಿರುಗೇ ಆ ಕಡೆ."

ಅವರು ತಮಾಷೆ ಮಾಡುತ್ತಿದ್ದಾರೆ ಎಂದುಕೊಂಡು ತಿರುಗಿದೆ. ಬೂಟುಗಾಲಿನಲ್ಲಿ ಒದ್ದರು. ಬಹಳ ಜೋರಾಗಿ ಅಲ್ಲ, ನಗಿಸಲು ಎಷ್ಟು ಬೇಕೋ ಅಷ್ಟು. ಸರಿಯಾಗಿ ನೋವಿದ್ದ ಜಾಗಕ್ಕೇ ಬಿತ್ತು. ಕಣ್ಣು ಕತ್ತಲೆ ಬಂದು ಮೊಣಕಾಲೂರಿದೆ. "ನಾಟಕ ಸಾಕು, ಏಳು," ಎಂದರು. ಹುಡುಗಿಯರು ನಕ್ಕರು. ಯಾರು ಯಾರು ನಕ್ಕರೆಂದು ಈಗಲೂ ಹೇಳಬಲ್ಲೆ. ಎದ್ದು ಅರ್ಧ ಆಟ ಆಡಿದೆ, ಮಾನಕ್ಕೆ ಹೆದರಿ. ಅರ್ಧದಲ್ಲಿ ಹೊರಗೆ ಬಂದೆ, ತಂಡ ಸೋತಿತು. ಅವತ್ತು ಸಂಜೆ ಚನ್ನಗಿರಿ ಬಸ್‌ಸ್ಟ್ಯಾಂಡಿನಲ್ಲಿ ಬಸ್ಸಿನ ಮೆಟ್ಟಿಲಿಗೆ ಎಡಗಾಲು ಏಳಲಿಲ್ಲ. ಕೈಯಿಂದ ಎತ್ತಿ ಮೆಟ್ಟಿಲ ಮೇಲೆ ಇಟ್ಟುಕೊಂಡೆ.

ಇಲ್ಲಿ ನಮ್ಮ ಮನೆಯವರ ತಪ್ಪನ್ನೂ ಬರೆಯಬೇಕು. ಕಾಲು ಏಳದ ಮಗಳನ್ನು ಆಸ್ಪತ್ರೆಗೆ ಕರೆದುಕೊಂಡು ಹೋಗುವುದು ಬಿಟ್ಟು ಅಪ್ಪ ನನ್ನನ್ನು ಜಗಳೂರಿನ ಕಡೆಗೆ ಕರೆದುಕೊಂಡು ಹೋದ. ಅಲ್ಲಿ ಕಾಲು ಮುಂದಾಗಿ ಹುಟ್ಟಿದ ಗಂಗಮ್ಮಜ್ಜಿ ಎಂಬವರಿದ್ದಾರೆ, ಅವರ ಕಾಲು ತಾಗಿದರೆ ಸಾಕು ಎಂದು ಅವನ ಬಸ್ಸಿನ ಡ್ರೈವರ್ ಹೇಳಿದ್ದನಂತೆ. ಬೇರೆಯವರಿಗೆ ಹೀಗೇ ವಾಸಿ ಮಾಡಿದವಳು ನಾನು, ನಾನಾದರೂ ಹೇಗೆ ಬೇಡ ಎನ್ನಲಿ? ಎರಡು ಬಸ್ ಬದಲಿಸಿ, ಸೀಟಿನ ಮೇಲೆ ಅಡ್ಡ ಮಲಗಿಕೊಂಡು ಹೋದೆ. ಅಜ್ಜಿಯ ಮನೆ ಮುಂದೆ ಆಗಲೇ ಮೂವರು ಬೆನ್ನು ಹಿಡಿದುಕೊಂಡು ಕೂತಿದ್ದರು.

ನನ್ನ ಸರದಿ ಬಂದಾಗ ಬೋರಲು ಮಲಗಿದೆ. ಅಜ್ಜಿ ಕಾಲು ಎತ್ತುವ ಮುಂಚೆ ಕೈಯಿಂದ ಬೆನ್ನು ಸವರಿದರು. ಒಂದು ಕಡೆ ಬೆರಳು ನಿಂತಿತು. ಅಲ್ಲೇ ಮತ್ತೆ ಮತ್ತೆ ಒತ್ತಿ ನೋಡಿ, "ಯಪ್ಪಾ, ಇಲ್ಲಿ ಬಾ," ಎಂದು ಅಪ್ಪನನ್ನು ಕರೆದರು. "ಉಳುಕಲ್ಲ ಇದು. ಎಲುಬು ಹೊರಗೆ ಬಂದೈತೆ ನೋಡು. ಇದಕ್ಕೆ ನಾನು ಕಾಲು ಮುಟ್ಸಲ್ಲ. ಈಗಿಂದೀಗ್ಲೇ ದೊಡ್ಡಾಸ್ಪತ್ರೆಗೆ ಕರ್ಕೊಂಡು ಹೋಗು. ಯಾವ ಪುಣ್ಯಾತ್ಮ ಒದ್ದನೋ ಇದಕ್ಕೆ, ಕೆಂಪಗಾಗೈತೆ."

ಅಪ್ಪನಿಗೆ ಒದೆಯ ಸಂಗತಿ ಗೊತ್ತಾದದ್ದು ಆಗಲೇ. ದಾವಣಗೆರೆಯ ಬಸ್ಸಿನಲ್ಲಿ ಯಾರು ಒದ್ದರೆಂದು ಹೇಳಿದೆ. ಇಳಿಯುವಾಗ, "ಅವನ ಮನೆ ಎಲ್ಲೈತೆ?" ಎಂದ. ಮೊದಲು ಆಸ್ಪತ್ರೆ ಎಂದು ನಾನೇ ಹೇಳಬೇಕಾಯಿತು.

ಆಸ್ಪತ್ರೆಯಲ್ಲಿ ಕಾದದ್ದೇ ಕಾದದ್ದು. ರಕ್ತಕ್ಕೆ ಒಂದು ಸಾಲು, ಸ್ಕ್ಯಾನಿಗೆ ಒಂದು ಸಾಲು, ರಿಪೋರ್ಟಿಗೆ ಇನ್ನೊಂದು. ಕಬ್ಬಿಣದ ಬೆಂಚಿನಲ್ಲಿ ಕೂತರೆ ಬೆನ್ನು ಉರಿಯುತ್ತದೆ, ನಿಂತರೆ ಕಾಲು ನಡುಗುತ್ತದೆ. ಗೋಡೆಯ ಪಕ್ಕ ನೆಲದ ಮೇಲೆ ಮಲಗಿದೆ. ಪೋರ್ಚುಗಲ್ಲಿನಲ್ಲಿ ಆಡಿ ಬಂದವಳು ಎಂಬ ಬಿಂಕವೆಲ್ಲ ಆ ನೆಲದ ಮೇಲೆ ಇಳಿಯಿತು. ಸಾಸ್ವೆಹಳ್ಳಿಯಿಂದ ಗಂಡನನ್ನು ಕರೆತಂದಿದ್ದ ಒಬ್ಬ ಹೆಂಗಸು ತನ್ನ ಬುತ್ತಿಯ ಚೀಲವನ್ನೇ ನನ್ನ ತಲೆಗೆ ದಿಂಬು ಮಾಡಿ ಇಟ್ಟಳು. "ರೊಟ್ಟಿ ಪುಡಿಯಾದ್ರೆ ಆಗ್ಲಿ ಬಿಡು, ಹಾಲಿಗೆ ಹಾಕ್ಕೊಂಡು ತಿಂತೀವಿ," ಎಂದಳು. ಅವಳ ಹೆಸರು ಕೇಳಲಿಲ್ಲ. ಈ ಬರಹದಲ್ಲಿ ನನಗೆ ಸಿಟ್ಟಿಲ್ಲದ ಕೆಲವೇ ಜನರಲ್ಲಿ ಅವಳೊಬ್ಬಳು.

ಡಾಕ್ಟರು ಫಿಲ್ಮನ್ನು ಬೆಳಕಿಗೆ ಹಿಡಿದು ಬೆನ್ನುಮೂಳೆಗೆ ಟಿಬಿ ತಗುಲಿದೆ, ಎಲುಬು ತಿಂದಿದೆ, ಕೀವು ನರ ಒತ್ತುತ್ತಿದೆ ಎಂದರು. ಅವ್ವ ಒಪ್ಪಲೇ ಇಲ್ಲ. "ಟಿಬಿ ಅಂದ್ರೆ ಕೆಮ್ಮಬೇಕಲ್ರೀ. ನನ್ನ ಮಗಳು ಕೆಮ್ಮೇ ಇಲ್ಲ," ಎಂದು ಡಾಕ್ಟರ ಜೊತೆ ವಾದಕ್ಕೆ ಕೂತಳು. ಅಪ್ಪ ಫಿಲ್ಮ್ ನೋಡುತ್ತ ತನ್ನ ಅಭ್ಯಾಸದಂತೆ, "ಎಲ್ಲಿಂದ ಎಲ್ಲೀವರೆಗೆ ರೀ?" ಎಂದ. ಡಾಕ್ಟರು ಬೆರಳಿಟ್ಟು ಎರಡು ಮೂಳೆ ತೋರಿಸಿದರು. "ಎರಡೇ ಸ್ಟಾಪು," ಎಂದು ಅಪ್ಪ ನನ್ನ ಕೈ ಹಿಡಿದ.

ಆಪರೇಷನ್ ಆಯಿತು. ಕೀವು ತೆಗೆದು, ಮೂಳೆಗಳಿಗೆ ಸ್ಕ್ರೂ ಹಾಕಿ ಕೂಡಿಸಿದರು. ಹೆದರಿಕೆ ಆಗಲಿಲ್ಲವೇ ಎಂದರೆ, ಪ್ರಾಣಕ್ಕಿಂತ ಹೆಚ್ಚಾಗಿ ಎಡಗಾಲಿಗೆ ಹೆದರಿದ್ದೆ. ಎಚ್ಚರವಾದ ಮೇಲೆ ಮೊದಲು ಹೆಬ್ಬೆರಳು ಆಡಿಸಲು ನೋಡಿದೆ. ಆಡಲಿಲ್ಲ. ನೋಡಿಕೊಳ್ಳುತ್ತಿದ್ದ ನರ್ಸು ಅದನ್ನು ಗಮನಿಸಿ ನನ್ನ ಪಾದದ ಮೇಲೆ ಹೊದಿಕೆ ಎಳೆದಳು. ಅವತ್ತು ಅತ್ತಷ್ಟು ಮತ್ತೆಂದೂ ಅತ್ತಿಲ್ಲ.

ಮನೆಗೆ ಬಂದು ಮಂಚ ಹಿಡಿದ ಮೇಲೆ ಕೀಶಾಳಿಂದ ಒಂದು ಮೆಸೇಜು ಬಂತು. ಅದರ ಜೊತೆ, ಕ್ಲಬ್ಬಿನ ಆಫೀಸಿನಲ್ಲಿ ಅವಳ ಕಣ್ಣಿಗೆ ಬಿದ್ದ ಒಂದು ಪತ್ರದ ಫೋಟೋ. ನನ್ನ ಆರೋಗ್ಯ ಹೇಗಿದೆ ಎಂದು ಕ್ಲಬ್ಬಿನವರು ನನ್ನ ಹಳೆಯ ಕೋಚನ್ನು ವಿಚಾರಿಸಿದ್ದರು. ಸರ್ ಉತ್ತರ ಬರೆದಿದ್ದರು: ಗಾಯವೇನೂ ಇಲ್ಲ, ಆಡಲು ಮನಸ್ಸಿಲ್ಲ, ನೋವಿನ ನಾಟಕ ಮಾಡುವುದು ಇವಳ ಚಾಳಿ. ಕ್ಲಬ್ಬಿನವರು ನನ್ನ ಜಾಗಕ್ಕೆ ಬೇರೊಬ್ಬಳನ್ನು ತಂದಾಗಿತ್ತು. ಆ ವರ್ಷ ಹೇಗಿದ್ದರೂ ನಾನು ಆಡುವಂತಿರಲಿಲ್ಲ, ನಿಜ. ಆದರೆ ಕಾಯಿಲೆ ಬಿದ್ದವಳನ್ನು ಯಾರಾದರೂ ಮತ್ತೆ ಕರೆಯಬಹುದು. ನಾಟಕದವಳು ಎಂದು ಹೆಸರು ಬಿದ್ದವಳನ್ನು ಯಾವ ಕ್ಲಬ್ಬೂ ಕರೆಯುವುದಿಲ್ಲ. ಸ್ಕ್ಯಾನಿನ ರಿಪೋರ್ಟ್ ಕಳಿಸಿದೆ. ಬೇಗ ಗುಣವಾಗಲಿ ಎಂದು ಎರಡು ಸಾಲು ಬಂತು.

ಕೀಶಾ ಫೋನ್ ಮಾಡಿ ಸಮಾಧಾನ ಹೇಳಲಿಲ್ಲ. "ಹೆಸರು ಬಾಯಿಪಾಠ ಆಯಿತಾ?" ಎಂದಷ್ಟೇ ಕೇಳಿದಳು.

ಆಗಿತ್ತು. ದಿನಾ ಬೆಳಿಗ್ಗೆ ಬರಿಹೊಟ್ಟೆಯಲ್ಲಿ ಮಾತ್ರೆ. ಒಂದೊಂದು ನುಂಗುವಾಗಲೂ ಸರ್ ಹೆಸರು ಹೇಳಿ ನುಂಗುತ್ತಿದ್ದೆ. ಮೊದಲ ದಿನ ಮೂತ್ರ ಕೆಂಪಗೆ ಹೋದದ್ದು ನೋಡಿ ಅವ್ವ ಬಾಯಿ ಬಡಿದುಕೊಂಡಳು. ಅದು ಮಾತ್ರೆಯ ಬಣ್ಣ ಎಂದು ಆಶಾ ಕಾರ್ಯಕರ್ತೆ ಬಂದು ಹೇಳುವವರೆಗೆ ಒಲೆ ಹಚ್ಚಲಿಲ್ಲ. ಅನ್ನದ ವಾಸನೆಗೇ ವಾಂತಿ. ಬೆನ್ನಿಗೆ ಬೆಲ್ಟು ಕಟ್ಟದೆ ಏಳುವಂತಿಲ್ಲ. "ಫಾರಿನ್‌ಗೆ ಹೋಗಿ ತಂದ್ಕೊಂಡ್ಳು," ಎಂದು ಕಿಟಕಿಯಾಚೆ ಯಾರೋ ಅಂದರು. ಒಳಗೆ ಬಂದು ಹೇಳ್ರಿ ಎಂದು ಕೂಗಿದೆ, ಬರಲಿಲ್ಲ. ಮಲಗಿದಲ್ಲೇ ನೂರು ತರದ ಸೇಡು ತೀರಿಸಿಕೊಂಡೆ. ಸರ್ ಬೈಕಿನ ಗಾಳಿ ತೆಗೆದೆ, ಅವರ ಸನ್ಮಾನದ ಶಾಲಿಗೆ ಕೆಂಪಿರುವೆ ಬಿಟ್ಟೆ. ಆದರೆ ನಿಜಕ್ಕೂ ಬೇಕಾದದ್ದು ಒಂದೇ. ಆ ಹುಡುಗಿಯರ ಎದುರಿಗೆ, ಅದು ನಾಟಕವಲ್ಲ ಎಂದು ಆ ಮನುಷ್ಯ ತನ್ನ ಬಾಯಿಂದ ಹೇಳಬೇಕು. ಅದನ್ನು ಕೇಳುವವರೆಗೆ ಸಾಯಬಾರದು, ಮಂಚದ ಮೇಲೂ ಇರಬಾರದು.

ಐದನೇ ತಿಂಗಳಲ್ಲಿ ಎದುರುಮನೆಯ ರುದ್ರಜ್ಜ ಬಾಗಿಲಿಗೆ ಬಂದ. ಚೀಲ ಎತ್ತಲು ಹೋಗಿ ಬೆನ್ನು ಹಿಡಿದುಕೊಂಡಿತ್ತು. ಅವ್ವ ಗದರಿದಳು: "ಅವಳೇ ಬೆನ್ನು ಮುರ್ಕೊಂಡು ಬಿದ್ದಾಳೆ, ನಿನಗೆ ಒದಿತಾಳಾ? ನಾಚಿಕೆ ಆಗಬೇಕು ನಿನಗೆ."

"ಏಳೋದೇನೂ ಬ್ಯಾಡ ಕಣವ್ವ," ಎಂದ ಅಜ್ಜ. "ಮಂಚದ ಪಕ್ಕ ನಾನೇ ಕೂರ್ತೀನಿ. ಕೂಸು ಮಲಗಿದ್ದಲ್ಲಿಂದ್ಲೇ ಕಾಲು ಚಾಚಲಿ ಸಾಕು."

ಉಳುಕೇ ಹೌದಾ, ಎಷ್ಟು ದಿನವಾಯಿತು, ಕಾಲು ಜೋಮು ಹಿಡಿಯುತ್ತದಾ ಎಂದು ನನ್ನ ಡಾಕ್ಟರು ಕೇಳಿದ್ದನ್ನೆಲ್ಲ ಕೇಳಿದೆ. ಆಮೇಲೆ ಎಡಗಾಲನ್ನು ಎರಡೂ ಕೈಯಿಂದ ಹಿಡಿದು ಮಂಚದ ಅಂಚಿಗೆ ತಂದೆ. ಪಾದ ಅಜ್ಜನ ಬೆನ್ನಿಗೆ ತಾಗಿತು. ಬೆಚ್ಚಗಿತ್ತು. ಐದು ತಿಂಗಳಿನಿಂದ ಮರದ ತುಂಡಾಗಿದ್ದ ಪಾದಕ್ಕೆ ಅಜ್ಜನ ಬೆನ್ನಿನ ಬಿಸಿ ತಿಳಿಯಿತು. "ಅವ್ವಾ, ಬಿಸಿ ಗೊತ್ತಾಗ್ತೈತೆ!" ಎಂದು ಕಿರುಚಿದೆ. ಅಜ್ಜ ಹೆದರಿ ಎದ್ದು ನಿಂತ, ನೆಟ್ಟಗೇ ನಿಂತ. ಅವ್ವ ಅವನಿಗೆ ಬೈದದ್ದು ಮರೆತು ಕಾಫಿ ಕೊಟ್ಟಳು.

ಅಲ್ಲಿಂದ ಗೋಡೆ ಹಿಡಿದು ನಡೆದೆ, ಅಪ್ಪನ ತೋಳು ಹಿಡಿದು ನಡೆದೆ, ಬಸ್‌ಸ್ಟ್ಯಾಂಡಿನವರೆಗೆ ನಡೆದೆ. ಹದಿನೆಂಟು ತಿಂಗಳಾದ ಮೇಲೆ ಮಾತ್ರೆ ನಿಂತಿತು. ಡಾಕ್ಟರು ಖುಷಿಯಾಗಿ, "ಎಲ್ಲ ಮಾಡಬಹುದು. ಜಿಗಿದು ಬೀಳುವ ಆಟ ಮಾತ್ರ ಬೇಡ," ಎಂದರು. ಎಲ್ಲ ಎಂದರೆ ನನಗೆ ಅದೊಂದೇ ಇತ್ತು. ಕೀಶಾ ಆ ಹೊತ್ತಿಗೆ ಪೋಲೆಂಡಿನಲ್ಲಿ ಹನ್ನೊಂದನೇ ವರ್ಷ ಆಡುತ್ತಿದ್ದಳು. ಅವಳ ಪಂದ್ಯವನ್ನು ಫೋನಿನಲ್ಲಿ ನೋಡಲು ಹೋಗಿ, ಹೊಟ್ಟೆಕಿಚ್ಚು ತಡೆಯಲಾರದೆ ಮುಚ್ಚಿಟ್ಟೆ. ನ್ಯಾಮತಿಯ ಒಂದು ಹೈಸ್ಕೂಲಿನ ಹುಡುಗಿಯರಿಗೆ ಬೆಳಿಗ್ಗೆ ಆಟ ಹೇಳಿಕೊಡಲು ಶುರು ಮಾಡಿದೆ. ಯಾರಾದರೂ ನೋವು ಎಂದರೆ ಅವತ್ತು ಅವಳಿಗೆ ಆಟವಿಲ್ಲ. ನಾಟಕ ಮಾಡುವವರೂ ಇದ್ದಾರೆ, ಮಾಡಲಿ.

ಹೋದ ಚಳಿಗಾಲದಲ್ಲಿ ಹೊನ್ನಾಳಿಯಲ್ಲಿ ಶಾಲೆಗಳ ಟೂರ್ನಮೆಂಟು. ಹುಡುಗಿಯರನ್ನು ಕರೆದುಕೊಂಡು ಹೋದೆ. ಉಸ್ತುವಾರಿ ಸರ್‌ದೇ. ಚನ್ನಗಿರಿಯಲ್ಲಿ ನಕ್ಕವರಲ್ಲಿ ನಾಲ್ವರು ಈಗ ಪಿಟಿ ಟೀಚರುಗಳಾಗಿ ತಮ್ಮ ತಮ್ಮ ಶಾಲೆಯ ತಂಡ ತಂದಿದ್ದರು. ಸರ್ ನನ್ನನ್ನು ನೋಡಿ, "ಹೆಂಗಿದಿಯಮ್ಮ," ಎಂದು ಮುಂದೆ ಹೋದರು. ಅಷ್ಟೇ. ಎರಡು ವರ್ಷ ನಾನು ದಿನಾ ನೆನೆದ ಮನುಷ್ಯನಿಗೆ ನನ್ನ ನೆನಪೇ ಇದ್ದಂತಿರಲಿಲ್ಲ.

ಎರಡನೇ ಪಂದ್ಯಕ್ಕೆ ಮುಂಚೆ ಅವರು ಸುಣ್ಣದ ಗೆರೆ ನೋಡಲು ಬಗ್ಗಿದರು, ಬಗ್ಗಿದವರು ಏಳಲಿಲ್ಲ. ಇಬ್ಬರು ಹಿಡಿದು ಜಮಖಾನದ ಮೇಲೆ ಬೋರಲು ಮಲಗಿಸಿದರು. ಯಾರೋ ಮುಲಾಮು ತಂದರು, ಯಾರೋ ನೀರು. ಆಗ ಆ ನಾಲ್ವರಲ್ಲೊಬ್ಬಳು, "ರೂಪಾ ಅದಾಳಲ್ಲ! ಕಾಲು ಮುಂದಾಗಿ ಹುಟ್ಟಿದೋಳು," ಎಂದಳು. ಎಲ್ಲರೂ ನನ್ನ ಕಡೆ ತಿರುಗಿದರು. ಸರ್ ತಲೆ ಎತ್ತಲಾರದೆ ಜಮಖಾನಕ್ಕೇ ಹೇಳಿದರು: "ಬಾರಮ್ಮ. ಸ್ವಲ್ಪ ಕಾಲು ಮುಟ್ಸು."

ಬೂಟು, ಸಾಕ್ಸು ಬಿಚ್ಚಿದೆ. ಬೇಕಂತಲೇ ನಿಧಾನವಾಗಿ ಬಿಚ್ಚಿದೆ. ಎಡಗಾಲನ್ನು ಅವರ ಬೆನ್ನಿನ ಮೇಲಿಟ್ಟು ನಿಂತೆ. ಮೈಭಾರವೆಲ್ಲ ಬಲಗಾಲಿನ ಮೇಲಿತ್ತು. ಅದನ್ನು ಎಡಗಾಲಿಗೆ ದಾಟಿಸಿದ್ದರೆ ಅಷ್ಟು ಜನರಲ್ಲಿ ಒಬ್ಬರಿಗೂ ತಿಳಿಯುತ್ತಿರಲಿಲ್ಲ. ದಾಟಿಸಬೇಕೆಂದು ಅನ್ನಿಸಿತು, ಅದನ್ನೇನು ಮುಚ್ಚಿಡಲಿ.

"ಸರ್, ನೋವು ಐತಾ?" ಎಂದೆ, ಎಲ್ಲರಿಗೂ ಕೇಳುವ ಹಾಗೆ.

"ಐತಮ್ಮ. ಬಹಳ ಐತೆ."

"ನನಗೂ ಇತ್ತು ಸರ್, ಚನ್ನಗಿರಿಯಲ್ಲಿ. ನಾಟಕ ಅಂದ್ರಿ. ಹಂಗೇ ಕ್ಲಬ್ಬಿಗೂ ಬರೆದ್ರಿ. ಈ ಟೀಚರ್‌ಗಳೂ ಅವತ್ತು ಅಲ್ಲಿದ್ರು. ಇವತ್ತು ಇವರ ಮುಂದೆ ಹೇಳ್ರಿ. ನಾಟಕ ಆಗಿತ್ತಾ?"

ನನ್ನ ಪಾದದ ಕೆಳಗೆ ಅವರ ಉಸಿರು ಮೇಲೆ ಕೆಳಗೆ ಆಗುತ್ತಿತ್ತು.

"ಇಲ್ಲಮ್ಮ, ಅಲ್ಲ," ಎಂದರು. ಆಮೇಲೆ ಯಾರೂ ಕೇಳದ ಮಾತನ್ನೂ ಹೇಳಿದರು. "ಗೊತ್ತಿತ್ತು. ನೀನು ಮೊಣಕಾಲೂರಿದಾಗ್ಲೇ ಗೊತ್ತಾಗಿತ್ತು. ತಂಡ ಸೋತಿತಲ್ಲ, ಆ ಸಿಟ್ಟಿಗೆ ಬರೆದೆ."

ಅವರಿಗೆ ತಿಳಿಯಲಿಲ್ಲ ಎಂದು ನಂಬಿಕೊಂಡೇ ನಾನು ಅಷ್ಟು ದಿನ ಸಿಟ್ಟಾಗಿದ್ದೆ. ಗೊತ್ತಿದ್ದೂ ಬರೆದರು ಎಂದರೆ ನನ್ನ ಸಿಟ್ಟು ಸಾಲದೇ ಹೋಯಿತು. ಅವತ್ತು ನಕ್ಕಿದ್ದ ನಾಲ್ವರೂ ನೆಲ ನೋಡುತ್ತಿದ್ದರು. ಒಬ್ಬಳು ಅಳುತ್ತಿದ್ದಳು.

ಕಾಲು ತೆಗೆದೆ. ಮೂರು ಸಲ ಮುಟ್ಟಿಸಲಿಲ್ಲ, ಒಂದು ಸಲವೂ ಒತ್ತಲಿಲ್ಲ. "ನಾನು ಈಗ ಒದಿಯಲ್ಲ ಸರ್. ಸ್ಕ್ಯಾನ್ ಮಾಡಿಸ್ರಿ," ಎಂದು ಸಾಕ್ಸು ಹಾಕಿಕೊಂಡೆ. ಎಬ್ಬಿಸಮ್ಮ ಎಂದು ಕೈ ಚಾಚಿದರು. ಹಿಡಿಯಲಿಲ್ಲ. ಬೇರೆಯವರು ಎತ್ತಿ ಆಟೋಗೆ ಹಾಕಿದರು. ನಮ್ಮ ಹುಡುಗಿಯರು ಅವತ್ತಿನ ಪಂದ್ಯ ಸೋತರು, ನನಗೆ ಬೇಜಾರಾಗಲಿಲ್ಲ. ಮನೆಯಲ್ಲಿ ಅಪ್ಪನಿಗೆ ಎಲ್ಲ ಹೇಳಿದೆ. ಅವನು ಎರಡನೇ ಸಲ ಹೇಳಿಸಿಕೊಂಡು ಕೇಳಿದ.

ಮನಸ್ಸು ಹಗುರಾಯಿತೇ ಎಂದು ಕೀಶಾ ಕೇಳಿದಳು. ಹೌದು ಎಂದೆ, ಪೂರ್ತಿ ಅಲ್ಲ ಎಂದೂ ಹೇಳಿದೆ. ನಾಲ್ಕನೇ ದಿನ ಸರ್ ಫೋನ್ ಮಾಡಿದರು. ದನಿ ಸಣ್ಣದಾಗಿತ್ತು. ಎಡಗಾಲು ಜೋಮು ಹಿಡಿಯುತ್ತದೆ, ನಿನ್ನನ್ನು ನೋಡಿದ ಡಾಕ್ಟರು ಯಾರು ಎಂದರು. ಜೋಮು ಎಂದ ಮೇಲೆ ಸುಮ್ಮನಿರಲಾಗಲಿಲ್ಲ, ಡಾಕ್ಟರ ಹೆಸರು, ಆಸ್ಪತ್ರೆ, ರೂಮಿನ ನಂಬರು ಎಲ್ಲ ಹೇಳಿದೆ. ಇವತ್ತೇ ಹೋಗ್ರಿ, ತಡ ಮಾಡಬ್ಯಾಡ್ರಿ ಎಂದೂ ಹೇಳಿದೆ. ಬೆಳಿಗ್ಗೆ ಏಳಕ್ಕೆ ಮುಂಚೆ ಹೋಗಿ ಚೀಟಿ ಇಡದಿದ್ದರೆ ಆ ಕಬ್ಬಿಣದ ಬೆಂಚಿನ ಮೇಲೆ ಸಂಜೆವರೆಗೆ ಕೂರಬೇಕಾಗುತ್ತದೆ ಎಂಬುದೊಂದನ್ನು ಮಾತ್ರ ಹೇಳಲಿಲ್ಲ.